ಮುಹೂರ್ತ ಬೆಳಗ್ಗೆ 7:05ಕ್ಕೆ: ಒಂದು ಮದುವೆ, ಮೂವರು ಮೇಕಪ್ ಆರ್ಟಿಸ್ಟ್‌ಗಳು

ಮೇ ತಿಂಗಳ ಮೊದಲ ವಾರ, ದಾವಣಗೆರೆಯ ಒಂದು ಕಲ್ಯಾಣ ಮಂಟಪ. ಹಿಂದಿನ ಸಂಜೆ 7ಕ್ಕೆ ಆರತಕ್ಷತೆ. ಮರುದಿನ ವೃಷಭ ಲಗ್ನದಲ್ಲಿ, ಬೆಳಗ್ಗೆ 7:05ರಿಂದ 7:40ರ ಒಳಗೆ ಧಾರೆ. ಅದಕ್ಕೂ ಮೊದಲು, 6 ಗಂಟೆಗೆ ಮದುಮಗಳು ಗೌರಿಪೂಜೆಗೆ ಕೂರಬೇಕು. ವಯಸ್ಸು 27, ಗೋಧಿ ಮೈಬಣ್ಣ, ಹಣೆ ಮೂಗು ಗದ್ದದಲ್ಲಿ ಜಿಡ್ಡು, ಕೆನ್ನೆ ಮಾತ್ರ ಒಣ. ಎರಡೂ ಕೆನ್ನೆಗಳ ಮೇಲೆ ತೆಳುವಾದ ಭಂಗು, ಬಾಯಿಯ ಸುತ್ತ ಸ್ವಲ್ಪ ಕಪ್ಪು. ಧಾರೆಗೆ ರೇಷ್ಮೆ ಸೀರೆ, ಮೊಗ್ಗಿನ ಜಡೆ. ಮಂಟಪಕ್ಕೆ ಎ.ಸಿ. ಇಲ್ಲ. ಎರಡೂ ದಿನದ ಮೇಕಪ್, ಹೇರ್‌ಸ್ಟೈಲ್, ಸೀರೆ ಉಡಿಸುವುದು ಎಲ್ಲ ಸೇರಿ ಮನೆಯವರು ಇಟ್ಟುಕೊಂಡ ಲೆಕ್ಕ 35,000 ರೂಪಾಯಿ. ಈ ಭಾಗದ ಮದುವೆಗಳಲ್ಲಿ ಮತ್ತೆ ಮತ್ತೆ ಎದುರಾಗುವ ಸಂಗತಿಗಳನ್ನು ಒಂದೇ ಮದುವೆಗೆ ತಂದು ಕಟ್ಟಿದ ಪ್ರಕರಣವಿದು. ದರಗಳೂ ಆ ಮಾದರಿಯವೇ.

ಹುಡುಕಾಟ ಶುರುವಾದದ್ದು ಎಲ್ಲರ ಮನೆಯಲ್ಲಿ ಆಗುವ ಹಾಗೆ, ಇನ್‌ಸ್ಟಾಗ್ರಾಮ್‌ನಲ್ಲಿ. ಮೂರು ಹೆಸರು ಉಳಿದವು. ಮೊದಲನೆಯವರು ಬೆಂಗಳೂರಿನವರು. ಎರಡು ಲುಕ್‌ಗೆ 52,000, ಜೊತೆಗೆ ಪ್ರಯಾಣ ಮತ್ತು ರೂಮು. ಟ್ರಯಲ್‌ಗೆ ಬೆಂಗಳೂರಿಗೇ ಹೋಗಬೇಕು, ಅದಕ್ಕೆ ಬೇರೆ 5,000. ಎರಡನೆಯವರು ವಧುವಿನ ಅಮ್ಮ ವರ್ಷಗಳಿಂದ ಹೋಗುವ ಊರಿನ ಪಾರ್ಲರ್‌ನವರು. ಒಟ್ಟು 14,000, ಟ್ರಯಲ್ ಉಚಿತ. ಮೂರನೆಯವರು ಚಿತ್ರದುರ್ಗದಿಂದ ಬರುವವರು, ಜೊತೆಗೊಬ್ಬ ಅಸಿಸ್ಟೆಂಟ್. 26,000, ಕಾರಿನ ಖರ್ಚು 2,500, ರಾತ್ರಿ ಮಂಟಪದಲ್ಲೇ ಉಳಿಯುತ್ತಾರೆ.

ಬೆಂಗಳೂರಿನವರ ಕೆಲಸದಲ್ಲಿ ಹೆಸರಿಡುವಂಥದ್ದೇನೂ ಇರಲಿಲ್ಲ. ದುಡ್ಡು ಸ್ವಲ್ಪ ಹೆಚ್ಚಾದರೂ ಅವರನ್ನೇ ಕರೆಸೋಣ ಎಂದು ಮನೆಯವರು ಮನಸ್ಸು ಮಾಡಿದ್ದರು. ಅವರನ್ನು ಬಿಡಬೇಕಾಗಿ ಬಂದದ್ದು ಗಡಿಯಾರದ ಕಾರಣಕ್ಕೆ.

ಗೌರಿಪೂಜೆಯಿಂದ ಹಿಂದಕ್ಕೆ ಎಣಿಸಿದಾಗ

ಹೆಚ್ಚಿನವರು ಮುಹೂರ್ತದ ಹೊತ್ತನ್ನು ಹೇಳಿ ಆರ್ಟಿಸ್ಟ್‌ನ್ನು ಬುಕ್ ಮಾಡುತ್ತಾರೆ. ಹೇಳಬೇಕಾದ ಹೊತ್ತು ಅದಲ್ಲ. ವಧು ಮೊದಲ ಶಾಸ್ತ್ರಕ್ಕೆ ಕೂರುವ ಹೊತ್ತು ಯಾವುದೆಂದು ಪುರೋಹಿತರನ್ನು ಕೇಳಿ, ಅಲ್ಲಿಂದ ಹಿಂದಕ್ಕೆ ಎಣಿಸಬೇಕು. ಇಲ್ಲಿ ಅದು 6:00. ಕಾಲು ಗಂಟೆ ಕೈಯಲ್ಲಿಟ್ಟುಕೊಂಡರೆ 5:45ಕ್ಕೆ ಅಲಂಕಾರ ಪೂರ್ತಿಯಾಗಿರಬೇಕು.

ಒಬ್ಬರೇ ಕೆಲಸ ಮಾಡಿದರೆ ಮೇಕಪ್‌ಗೆ 80 ನಿಮಿಷ, ಕೂದಲಿಗೆ 40, ಮೊಗ್ಗಿನ ಜಡೆ ಕಟ್ಟಲು 20, ಸೀರೆಗೆ 20, ಒಡವೆಗೆ 15. ಒಟ್ಟು 175 ನಿಮಿಷ. ಅಂದರೆ ವಧು 2:50ಕ್ಕೆ ಕನ್ನಡಿಯ ಮುಂದೆ ಕೂರಬೇಕು, ಮಂಗಳಸ್ನಾನಕ್ಕೆ 2:15ಕ್ಕೆ ಏಳಬೇಕು. ಹಿಂದಿನ ರಾತ್ರಿ ಆರತಕ್ಷತೆ ಮುಗಿಯುವುದು 10:30ಕ್ಕೆ. ಊಟ, ಬಟ್ಟೆ ಬದಲಿಸುವುದು, ಮೇಕಪ್ ತೆಗೆಯುವುದು, ತಲೆಯ ಪಿನ್ನು ಬಿಚ್ಚುವುದು ಎಲ್ಲ ಆಗಿ ಮಲಗುವಾಗ 12:30. ನಿದ್ದೆ ಸಿಗುವುದು ಒಂದೂಮುಕ್ಕಾಲು ಗಂಟೆ. ಅಷ್ಟು ಕಡಿಮೆ ನಿದ್ದೆಯಾದ ಕಣ್ಣಿನ ಕೆಳಗಿನ ಊತವನ್ನು ಯಾವ ಕನ್ಸೀಲರ್ ಕೂಡ ಇಳಿಸುವುದಿಲ್ಲ. ಕನ್ಸೀಲರ್ ಬಣ್ಣವನ್ನು ಮುಚ್ಚುತ್ತದೆ, ಉಬ್ಬನ್ನು ಮುಚ್ಚಲಾರದು.

ಇಬ್ಬರಿದ್ದರೆ ಲೆಕ್ಕ ಬದಲಾಗುತ್ತದೆ. ಮುಖದ ಕೆಲಸ ನಡೆಯುವಾಗಲೇ ಅಸಿಸ್ಟೆಂಟ್ ಕೂದಲನ್ನು ಭಾಗ ಮಾಡಿ, ಚೌರಿ ಸೇರಿಸಿ ಜಡೆ ಹೆಣೆದಿರುತ್ತಾರೆ. ಕಣ್ಣಿನ ಕೆಲಸದ ಹೊತ್ತಿನಲ್ಲಿ ಮಾತ್ರ ತಲೆ ಎಳೆಯಬಾರದು, ಐಲೈನರ್ ಗೆರೆ ಹಾರುತ್ತದೆ. ಸೀರೆಯನ್ನು ಹಿಂದಿನ ದಿನವೇ ನೆರಿಗೆ ಹಿಡಿದು, ಇಸ್ತ್ರಿ ಮಾಡಿ, ಬಾಕ್ಸ್ ಫೋಲ್ಡ್ ಮಾಡಿಟ್ಟರೆ ಉಡಿಸಲು 10 ನಿಮಿಷ ಸಾಕು. ಜಡೆ ಮತ್ತು ಒಡವೆ ಒಟ್ಟಿಗೇ 20 ನಿಮಿಷ. ಮೇಕಪ್‌ನ 80 ಸೇರಿಸಿದರೆ 110 ನಿಮಿಷ. ವಧು ಕೂರುವುದು 3:55ಕ್ಕೆ. ಒಂದು ಗಂಟೆಗೂ ಹೆಚ್ಚು ನಿದ್ದೆ ಉಳಿಯಿತು.

ಬೆಂಗಳೂರಿನವರಿಗೆ ಫೋನ್ ಮಾಡಿ ಕೇಳಿದ ಪ್ರಶ್ನೆ ಒಂದೇ: "ಧಾರೆ ದಿನ ನಿಮ್ಮ ಜೊತೆ ಯಾರು ಬರ್ತಾರೆ ಮೇಡಂ?" ಆ ದಿನ ಲಗ್ನ ಚೆನ್ನಾಗಿದ್ದುದರಿಂದ ಅವರ ಅಸಿಸ್ಟೆಂಟ್ ಬೇರೆ ಮದುವೆಗೆ ಗೊತ್ತಾಗಿದ್ದರು. ಸಂಜೆ ಬೆಂಗಳೂರಿನಲ್ಲಿ ಇನ್ನೊಂದು ಆರತಕ್ಷತೆ ಇದ್ದುದರಿಂದ ಅವರೂ ಬೆಳಗ್ಗೆ 7ಕ್ಕೇ ಹೊರಡುವವರು. ಸುಮಾರು 260 ಕಿಲೋಮೀಟರ್ ದಾರಿ, ಅವರ ಅವಸರವೂ ಸಹಜ. ಆದರೆ ಮಾಂಗಲ್ಯಧಾರಣೆಯ ಹೊತ್ತಿಗೆ ಪಕ್ಕದಲ್ಲಿ ಯಾರೂ ಇರುವುದಿಲ್ಲ. ಒಳ್ಳೆಯ ಮುಹೂರ್ತದ ದಿನಗಳಲ್ಲಿ ಇದು ಎಲ್ಲೆಡೆ ಆಗುವ ಮಾತು. ಹಾಗಾಗಿ "ಆ ದಿನ ಬೇರೆ ಬುಕಿಂಗ್ ಇದೆಯಾ, ಎಷ್ಟು ಹೊತ್ತಿನವರೆಗೆ ಇರ್ತೀರಿ" ಎಂದು ದರ ಕೇಳುವ ಮೊದಲೇ ಕೇಳಿಬಿಡಬೇಕು.

ಫೋಟೋ ನೋಡುವ ಬಗೆ

ಆರ್ಟಿಸ್ಟ್ ತಾವೇ ಹಾಕುವ ಫೋಟೋಗಳು ಮೇಕಪ್ ಮುಗಿದ ಐದನೇ ನಿಮಿಷದವು. ರಿಂಗ್ ಲೈಟ್ ಎದುರು, ಫಿಲ್ಟರ್ ಸೇರಿ. ಅವು ಕಣ್ಣಿನ ಕೆಲಸದ ಅಚ್ಚುಕಟ್ಟುತನ ಹೇಳುತ್ತವೆ, ಬೇಸ್, ಅಂದರೆ ಮುಖದ ಬಣ್ಣ ಸಮ ಮಾಡುವ ಫೌಂಡೇಶನ್ ಪದರದ ಬಗ್ಗೆ ಏನೂ ಹೇಳುವುದಿಲ್ಲ. ಈ ಮನೆಯವರು ಮೂವರಿಂದಲೂ ಎರಡು ಕೇಳಿದರು: ಕಿಟಕಿಯ ಬೆಳಕಿನಲ್ಲಿ ಫಿಲ್ಟರ್ ಇಲ್ಲದೆ ತೆಗೆದ ಅರ್ಧ ನಿಮಿಷದ ವಿಡಿಯೋ, ಮತ್ತು ಇತ್ತೀಚೆಗೆ ಮೇಕಪ್ ಮಾಡಿಸಿಕೊಂಡ ಇಬ್ಬರು ಮದುಮಕ್ಕಳು ಒಪ್ಪಿದರೆ ಅವರ ಫೋನ್ ನಂಬರ್. ಆ ಮದುಮಕ್ಕಳನ್ನು "ಚೆನ್ನಾಗಿತ್ತಾ" ಎಂದು ಕೇಳಿದರೆ ಎಲ್ಲರೂ ಚೆನ್ನಾಗಿತ್ತು ಎಂದೇ ಅನ್ನುತ್ತಾರೆ. "ಎಷ್ಟು ಗಂಟೆಗೆ ಬಂದ್ರು? ಊಟದ ಹೊತ್ತಿಗೆ ಮುಖ ಹೇಗಿತ್ತು? ಮೂಗಿನ ಪಕ್ಕ ಒಡೆದಿತ್ತಾ?" ಎಂದು ಕೇಳಿದರೆ ಉತ್ತರ ಬೇರೆಯಾಗಿರುತ್ತದೆ. ಸಿಕ್ಕರೆ ಮದುವೆ ಆಲ್ಬಮ್‌ನ ಕೊನೆಯ ಪುಟಗಳನ್ನೂ ನೋಡಬೇಕು. ಊಟದ ಪಂಕ್ತಿಯ ಫೋಟೋದಲ್ಲಿ ಮುಖ, ಕುತ್ತಿಗೆ, ತುತ್ತು ಎತ್ತುವ ಕೈ ಮೂರೂ ಒಂದೇ ಚೌಕಟ್ಟಿನಲ್ಲಿ ಸಿಗುತ್ತವೆ. ಮೂರೂ ಒಬ್ಬಳದೇ ಅನ್ನಿಸಿದರೆ ಆರ್ಟಿಸ್ಟ್‌ಗೆ ಶೇಡ್ ಗೊತ್ತಿದೆ.

ಚಿತ್ರದುರ್ಗದವರು ಕಳಿಸಿದ್ದು ಮಂದವಾದ, ಮೊಬೈಲ್‌ನ ಸಾದಾ ವಿಡಿಯೋಗಳು. ನೋಡಿದ ಕೂಡಲೇ ಮನಸ್ಸಿಗೆ ಹಿಡಿಸುವಂಥವಲ್ಲ. ಆದರೆ ಅವುಗಳಲ್ಲಿ ಕೈ ಮತ್ತು ಮುಖ ಒಂದೇ ಬಣ್ಣವಿದ್ದವು.

ಮೊದಲ ಟ್ರಯಲ್ ಕೆಟ್ಟದ್ದು ಯಾಕೆ

ಮದುವೆಗೆ 7 ವಾರ ಇರುವಾಗ ಊರಿನ ಪಾರ್ಲರ್‌ನಲ್ಲಿ ಟ್ರಯಲ್ ಆಯಿತು. ಬೆಳಗ್ಗೆ 11 ಗಂಟೆ, ಎ.ಸಿ. ರೂಮು. ಜೊತೆಗೆ ಬಂದಿದ್ದ ಸೋದರತ್ತೆ ಕೂರುವಾಗಲೇ ಹೇಳಿದರು: "ಸ್ವಲ್ಪ ಬೆಳ್ಳಗೆ ಕಾಣೋ ಹಂಗೆ ಮಾಡಮ್ಮ." ಪಾರ್ಲರ್‌ನವರು ವಧುವಿನ ಬಣ್ಣಕ್ಕಿಂತ ಎರಡು ಶೇಡ್ ತಿಳಿಯಾದ ಫೌಂಡೇಶನ್ ತೆಗೆದುಕೊಂಡರು. ಒಳಗೆ ಕನ್ನಡಿಯಲ್ಲಿ ಎಲ್ಲರಿಗೂ ಒಪ್ಪಿಗೆಯಾಯಿತು. ಹೊರಗೆ ಮೆಟ್ಟಿಲ ಮೇಲೆ ನಿಂತಾಗ ಮುಖ ಬೂದು ಬಳಿದಂತೆ, ಕಿವಿ ಕೆಂಪಗೆ, ಕುತ್ತಿಗೆ ಕಂದು.

ಬೂದು ಬರಲು ಎರಡು ಕಾರಣ ಕೂಡಿದ್ದವು. ಗೋಧಿ ಬಣ್ಣದ ಚರ್ಮದ ಒಳಛಾಯೆ ಹಳದಿ ಇಲ್ಲವೇ ಬಂಗಾರದ್ದು. ಹಚ್ಚಿದ ಫೌಂಡೇಶನ್ ಗುಲಾಬಿ ಛಾಯೆಯದಾಗಿತ್ತು. ಎರಡನೆಯದು, ಭಂಗು ಮತ್ತು ಬಾಯಿಯ ಸುತ್ತಲಿನ ಕಪ್ಪಿನ ಮೇಲೆ ನೇರವಾಗಿ ತಿಳಿ ಕನ್ಸೀಲರ್ ಬಿದ್ದಿತ್ತು. ಕಪ್ಪಿನ ಮೇಲೆ ಬಿಳಿ ಹಾಕಿದರೆ ಬೂದೇ ಆಗುವುದು. ಮೊದಲು ಕಿತ್ತಳೆ ಅಥವಾ ಪೀಚ್ ಬಣ್ಣದ ಕರೆಕ್ಟರ್ ತೆಳುವಾಗಿ ಒತ್ತಿ, ಕಪ್ಪನ್ನು ತಟಸ್ಥ ಮಾಡಿ, ಆಮೇಲೆ ಚರ್ಮದ್ದೇ ಬಣ್ಣದ ಕನ್ಸೀಲರ್ ಹಾಕಬೇಕು. ಶೇಡ್ ನೋಡಬೇಕಾದದ್ದು ಮುಂಗೈ ಮೇಲಲ್ಲ, ದವಡೆಯ ಅಂಚಿನಲ್ಲಿ, ಹಗಲ ಬೆಳಕಲ್ಲಿ. ಅಕ್ಕಪಕ್ಕ ಮೂರು ಗೆರೆ ಎಳೆದು ಅರ್ಧ ಗಂಟೆ ಬಿಟ್ಟು ನೋಡಬೇಕು, ಏಕೆಂದರೆ ಕೆಲವು ಫೌಂಡೇಶನ್ ಚರ್ಮದ ಜಿಡ್ಡು ಸೇರಿ ಒಂದು ಶೇಡ್ ಕಪ್ಪಾಗುತ್ತದೆ.

ಮಧ್ಯಾಹ್ನದ ಹೊತ್ತಿಗೆ ಮೂಗಿನ ಪಕ್ಕ ಸಣ್ಣ ಉಂಡೆಗಳು ಎದ್ದವು. ಫೌಂಡೇಶನ್‌ಗೂ ಮೊದಲು ಹಚ್ಚುವ ಸಿಲಿಕೋನ್ ಪ್ರೈಮರ್ ಮೇಲೆ ನೀರಿನಂಶದ ಫೌಂಡೇಶನ್ ಹಾಕಿದರೆ ಎರಡೂ ಒಂದಕ್ಕೊಂದು ಹೊಂದದೆ ಉಜ್ಜಿದಲ್ಲೆಲ್ಲ ಉರುಳೆಯಾಗಿ ಏಳುತ್ತವೆ. ಕೈಯಲ್ಲಿ ಒಳ್ಳೆಯ ಬ್ರ್ಯಾಂಡ್‌ಗಳಿದ್ದರೂ ಜೋಡಿ ತಪ್ಪಿದರೆ ಕೆಲಸ ಕೆಡುತ್ತದೆ.

ಇನ್ನೊಂದು ವಿಷಯ ಹೇಳಲೇಬೇಕು. ಲಿಪ್‌ಸ್ಟಿಕ್ಕನ್ನು ಕಡ್ಡಿಯಿಂದ ನೇರವಾಗಿ ತುಟಿಗೆ ಹಚ್ಚಿದರು, ಹಿಂದಿನವರಿಗೆ ಬಳಸಿದ ಕಾಡಿಗೆ ಪೆನ್ಸಿಲ್ಲನ್ನೇ ಕಣ್ಣಿಗಿಟ್ಟರು. ಕಣ್ಣಿನ ಸೋಂಕು, ತುಟಿಯ ನೀರುಗುಳ್ಳೆ ಹರಡುವುದು ಹೀಗೆಯೇ. ಶುಚಿಯಾಗಿ ಕೆಲಸ ಮಾಡುವವರು ಲಿಪ್‌ಸ್ಟಿಕ್ಕನ್ನು ಸ್ಟೀಲ್ ಪ್ಯಾಲೆಟ್ ಮೇಲೆ ಕೆರೆದು ಬ್ರಷ್‌ನಲ್ಲಿ ಹಚ್ಚುತ್ತಾರೆ, ಮಸ್ಕಾರಾಗೆ ಬಳಸಿ ಎಸೆಯುವ ಕಡ್ಡಿ ಇಟ್ಟಿರುತ್ತಾರೆ, ಪೆನ್ಸಿಲ್ಲನ್ನು ಪ್ರತಿಸಲ ಕೆತ್ತುತ್ತಾರೆ, ಬ್ರಷ್ಷುಗಳನ್ನು ತೊಳೆದು 70% ಐಸೊಪ್ರೊಪೈಲ್ ಆಲ್ಕೋಹಾಲ್ ಸಿಂಪಡಿಸಿ ಒಣಗಿಸಿರುತ್ತಾರೆ. ಸ್ಪಂಜು ಒಬ್ಬರಿಗೆ ಒಂದೇ. ಡಬ್ಬಿಯ ಹಿಂದೆ ತೆರೆದ ಮುಚ್ಚಳದ ಗುರುತಿನೊಳಗೆ 6ಎಂ, 12ಎಂ ಎಂದಿರುತ್ತದೆ. ತೆರೆದ ಮೇಲೆ ಅಷ್ಟೇ ತಿಂಗಳು. ವಿದೇಶದಿಂದ ಆಮದಾದದ್ದು ಎಂದು ತೋರಿಸಿದರೆ ಅದರ ಮೇಲೆ ಆಮದುದಾರರ ಹೆಸರು, ವಿಳಾಸ ಮತ್ತು ನೋಂದಣಿ ಸಂಖ್ಯೆ ಇರಬೇಕು. 2020ರ ಕಾಸ್ಮೆಟಿಕ್ಸ್ ನಿಯಮಗಳು ಇದನ್ನು ಕಡ್ಡಾಯ ಮಾಡಿವೆ. ಅದಿಲ್ಲದ ಡಬ್ಬಿ ನಕಲಿಯಿರಬಹುದು. ಕಿಟ್ ತೋರಿಸಿ ಅಂದರೆ ಬೇಸರಿಸಿಕೊಳ್ಳುವವರನ್ನು ಬಿಡುವುದೇ ಒಳ್ಳೆಯದು.

ಬಣ್ಣದ ಮಾತು ಮನೆಯಲ್ಲಿ ಎರಡು ದಿನ ನಡೆಯಿತು. ತೀರ್ಮಾನವಾದದ್ದು ಒಂದು ಫೋಟೋದಿಂದ: ಹಗಲಲ್ಲಿ ತೆಗೆದದ್ದು, ಮುಖದ ಪಕ್ಕದಲ್ಲೇ ವಧುವಿನ ಅಂಗೈಯ ಹಿಂಬದಿ. ಧಾರೆ ಎರೆಯುವಾಗ ಕ್ಯಾಮೆರಾ ಹತ್ತಿರಕ್ಕೆ ಬಂದು ಹಿಡಿಯುವುದು ಕೈಗಳನ್ನೇ. ಸೋದರತ್ತೆ ಫೋಟೋ ನೋಡಿ "ಹಿಂಗಾದ್ರೆ ಬ್ಯಾಡ ಬಿಡು" ಅಂದರು. ಇದೇ ಹೊತ್ತಿನಲ್ಲಿ ಯಾರೋ ಸಲಹೆ ಕೊಟ್ಟ 'ಒಂದೇ ತಿಂಗಳಲ್ಲಿ ಬೆಳ್ಳಗಾಗುವ' ಕ್ರೀಮ್ ಕೂಡ ಮನೆಗೆ ಬಂದಿತ್ತು. ಅಂಥ ಹಲವು ಕ್ರೀಮುಗಳಲ್ಲಿ ಸ್ಟೀರಾಯ್ಡ್ ಇರುತ್ತದೆ. ಮೊದಲು ಮುಖ ತಿಳಿಯಾದಂತೆ ಕಂಡು, ನಿಲ್ಲಿಸಿದ ಕೂಡಲೇ ಕೆಂಪು, ಉರಿ, ಮೊಡವೆ; ಹಚ್ಚುತ್ತಾ ಹೋದರೆ ಮುಖದಲ್ಲಿ ಹೊಸ ಕೂದಲು. ಅದನ್ನು ಹಚ್ಚಲಿಲ್ಲ. ಭಂಗಿಗೆ ಚರ್ಮವೈದ್ಯರನ್ನು ಕಂಡು, ಸನ್‌ಸ್ಕ್ರೀನ್ ಶುರುಮಾಡಿದರು.

ಎರಡನೇ ಟ್ರಯಲ್

ಚಿತ್ರದುರ್ಗದವರ ಟ್ರಯಲ್ ಮದುವೆಗೆ 5 ವಾರ ಇರುವಾಗ. ಅದಕ್ಕೆ ಮೂರು ದಿನ ಮೊದಲೇ ಅವರು ಫೌಂಡೇಶನ್ ಮತ್ತು ರೆಪ್ಪೆ ಅಂಟಿನ ಸ್ಯಾಂಪಲ್ ಕೊಟ್ಟು, ಕಿವಿಯ ಹಿಂದೆ ಒಂದೊಂದು ಕಾಳಿನಷ್ಟು ಹಚ್ಚಿ ಬಿಡಲು ಹೇಳಿದ್ದರು. ಅಲರ್ಜಿಯ ಕೆಂಪು ತಕ್ಷಣ ಏಳಬೇಕೆಂದಿಲ್ಲ. 48 ಗಂಟೆಗೆ ಒಮ್ಮೆ, 72 ಗಂಟೆಗೆ ಇನ್ನೊಮ್ಮೆ ನೋಡಬೇಕು. ಫೌಂಡೇಶನ್‌ಗೆ ಏನೂ ಆಗಲಿಲ್ಲ. ಅಂಟು ಹಚ್ಚಿದ ಕಡೆ ಎರಡನೇ ದಿನ ಕೆರೆತ, ಕಡಲೆಕಾಳಿನಗಲ ಕೆಂಪು. ಹಲವು ಸಾದಾ ಅಂಟುಗಳಲ್ಲಿ ಲೇಟೆಕ್ಸ್ ಇರುತ್ತದೆ. ಲೇಟೆಕ್ಸ್ ಇಲ್ಲದ ಅಂಟು ತರಿಸಿ, ಮತ್ತೆ ಮೂರು ದಿನ ನೋಡಿ, ಅದನ್ನೇ ಗೊತ್ತುಮಾಡಿದರು. ಇದೇ ಸಂಗತಿ ಮುಹೂರ್ತದ ಬೆಳಗ್ಗೆ ಕಣ್ಣಿನ ರೆಪ್ಪೆಯ ಮೇಲೆ ಆಗಿದ್ದರೆ ಏನಾಗುತ್ತಿತ್ತೆಂದು ಯೋಚಿಸಿ.

ಸ್ಟಿಕ್ಕರ್ ಬಿಂದಿಯ ಬಗ್ಗೆಯೂ ಒಂದು ಮಾತು. ಕೆಲವು ಬಿಂದಿಗಳ ಅಂಟಿನಲ್ಲಿರುವ ಪ್ಯಾರಾ-ಟರ್ಷಿಯರಿ ಬ್ಯೂಟೈಲ್‌ಫಿನಾಲ್ ಎಂಬ ರಾಸಾಯನಿಕ ಹಣೆಯ ಆ ಜಾಗದ ಬಣ್ಣವನ್ನೇ ಕಳೆದು ಬಿಳಿ ಕಲೆ ಮಾಡಬಲ್ಲದು. ವಧುವಿಗೆ ಮೊದಲೇ ಬಿಂದಿಯ ಜಾಗದಲ್ಲಿ ಕೆರೆತವಿದ್ದುದರಿಂದ ಎರಡೂ ದಿನ ಬಣ್ಣದಲ್ಲೇ ಬೊಟ್ಟು ಬರೆಯುವುದೆಂದಾಯಿತು.

ಟ್ರಯಲ್ ಮಾಡಿದ್ದು ವಧುವಿನ ಮನೆಯಲ್ಲಿ, ಬೆಳಗ್ಗೆ 9ಕ್ಕೆ, ಕಿಟಕಿಯ ಪಕ್ಕ. ಜೆಲ್ ಮಾಯಿಶ್ಚರೈಸರ್ ತೆಳುವಾಗಿ ಹಚ್ಚಿ 10 ನಿಮಿಷ ಕಾದರು. ಪ್ರೈಮರ್ ಹಣೆ, ಮೂಗು, ಗದ್ದಕ್ಕೆ ಮಾತ್ರ. ಕರೆಕ್ಟರ್ ಭಂಗಿನ ಮೇಲೂ ಬಾಯಿಯ ಅಂಚಿಗೂ. ಫೌಂಡೇಶನ್ ಒಂದೂವರೆ ಪಂಪ್, ಎರಡು ಶೇಡ್ ಬೆರೆಸಿ, ಒದ್ದೆ ಸ್ಪಂಜಿನಿಂದ ಉಜ್ಜದೆ ಒತ್ತಿದರು. ಕುತ್ತಿಗೆ, ಕಿವಿಗೂ ತೆಗೆದುಕೊಂಡು ಹೋದರು. ಪೌಡರ್ ಜಿಡ್ಡು ಬರುವ ಕಡೆ ಮಾತ್ರ. ಕೆನ್ನೆ ಒಣಗಿರುವವರಿಗೆ ಅಲ್ಲೂ ಪೌಡರ್ ಹೊಡೆದರೆ ಎರಡು ಗಂಟೆಯಲ್ಲಿ ಕೆರೆ ಬತ್ತಿದ ಹಾಗೆ ಬಿರುಕು ಕಾಣುತ್ತದೆ.

ಏರ್‌ಬ್ರಷ್, ಅಂದರೆ ಯಂತ್ರದಿಂದ ಫೌಂಡೇಶನ್ ಸಿಂಪಡಿಸುವುದು, ಬೇಕೇ ಎಂದು ಮನೆಯವರು ಕೇಳಿದರು. ಅದು ತೆಳುವಾಗಿ, ಸಮನಾಗಿ ಕೂರುತ್ತದೆ, ನಿಜ. ಆದರೆ ಕಣ್ಣೀರು ಹರಿದು ಒಂದು ಗೆರೆ ಎದ್ದರೆ ಅಷ್ಟೇ ಜಾಗವನ್ನು ಸರಿಪಡಿಸುವುದು ಕಷ್ಟ. ಧಾರೆಯ ಹೊತ್ತಿಗೆ ಅಳು ಬರುವುದೇ ಹೆಚ್ಚು, ಮೇಲೆ ಹೋಮದ ಹೊಗೆ. ಬೆರಳಿನಿಂದ ಒತ್ತಿ ಸರಿಮಾಡಬಹುದಾದ ಕೈಕೆಲಸವೇ ಈ ಬೆಳಗಿಗೆ ಸರಿ ಎಂಬ ಅವರ ಮಾತು ನಮಗೂ ಒಪ್ಪಿಗೆ.

ಮೇಕಪ್ ಮುಗಿದ ಮೇಲೆ ವಧು ಅದನ್ನು ತೆಗೆಯದೆ 6 ಗಂಟೆ ಇದ್ದಳು. ಊಟ ಮಾಡಿದಳು, ಒಲೆಯ ಮುಂದೆ 20 ನಿಮಿಷ ನಿಂತಳು, ಫ್ಲ್ಯಾಶ್ ಹಾಕಿಯೂ ಹಾಕದೆಯೂ ಫೋಟೋ ತೆಗೆಸಿಕೊಂಡಳು. ಫ್ಲ್ಯಾಶ್ ಫೋಟೋದಲ್ಲಿ ಕಣ್ಣಿನ ಕೆಳಗೆ ಬಿಳಿ ಅರ್ಧಚಂದ್ರ ಕಂಡಿತು. ಸಿಲಿಕಾ ಇರುವ ನುಣುಪು ಪೌಡರ್, ಜಿಂಕ್ ಆಕ್ಸೈಡ್ ಇರುವ ಸನ್‌ಸ್ಕ್ರೀನ್ ಫ್ಲ್ಯಾಶ್ ಬೆಳಕನ್ನು ವಾಪಸ್ ಎಸೆಯುತ್ತವೆ. ಪೌಡರ್ ಬದಲಾಯಿಸಿ, ಆರತಕ್ಷತೆಯ ಸಂಜೆ ಸನ್‌ಸ್ಕ್ರೀನ್ ಬೇಡವೆಂದು ಬರೆದಿಟ್ಟುಕೊಂಡರು. ಆರತಕ್ಷತೆಗೆಂದು ಮಾಡಿದ ಕಣ್ಣು ತೀರಾ ಕಪ್ಪಾಗಿತ್ತು; ಅದನ್ನೂ ತಿಳಿ ಕಂದಿಗೆ ಇಳಿಸಿದರು.

ಶಾಸ್ತ್ರಗಳು ಗೊತ್ತಿರುವವರೇ ಯಾಕೆ

ಅಂತಿಮವಾಗಿ ಇವರೇ ಎಂದು ಗಟ್ಟಿಯಾದದ್ದು ಆರ್ಟಿಸ್ಟ್ ಕೇಳಿದ ಪ್ರಶ್ನೆಗಳಿಂದ. "ಜೀರಿಗೆ ಬೆಲ್ಲ ಇಡ್ತಾರಾ ನಿಮ್ಮಲ್ಲಿ? ಬಾಸಿಂಗ ಕಟ್ತಾರಾ? ಎಣ್ಣೆ ಶಾಸ್ತ್ರ ಯಾವತ್ತು?" ಒಂದೊಂದಕ್ಕೂ ಕಾರಣವಿದೆ.

ಅಂತರಪಟ ಸರಿಸಿದ ಮೇಲೆ ವಧೂವರರು ಒಬ್ಬರ ತಲೆಯ ಮೇಲೊಬ್ಬರು ಜೀರಿಗೆ ಬೆಲ್ಲ ಇಡುತ್ತಾರೆ. ನೆತ್ತಿಯ ಮೇಲೆ ಎತ್ತರಕ್ಕೆ ಪಫ್ ಎಬ್ಬಿಸಿ ಸ್ಪ್ರೇ ಹೊಡೆದಿದ್ದರೆ ಬೆಲ್ಲ ಅಲ್ಲೇ ಹಿಡಿದುಕೊಂಡು ಹಣೆಗೆ ಇಳಿಯುತ್ತದೆ. ನೆತ್ತಿ ಚಪ್ಪಟೆ ಇರಬೇಕು, ಬೈತಲೆಬೊಟ್ಟು ಅರ್ಧ ಇಂಚು ಮುಂದಿರಬೇಕು. ಬಾಸಿಂಗದ ದಾರ ಕಣತಲೆಯ ಮೇಲೆ ಹಾದು ಹೋಗುವುದರಿಂದ ಅಲ್ಲಿ ಫೌಂಡೇಶನ್ ದಪ್ಪವಿದ್ದರೆ ಗೆರೆ ಬೀಳುತ್ತದೆ. ಮಾಂಗಲ್ಯ ಕಟ್ಟುವಾಗ ಹಿಂದೆ ನಿಂತವರು ಜಡೆ ಎತ್ತಿ ಹಿಡಿಯುತ್ತಾರೆ. ಮೊಗ್ಗಿನ ಜಡೆಯನ್ನು ಕೆಳಗೆ ರವಿಕೆಗೆ ಪಿನ್ ಮಾಡಿಬಿಟ್ಟರೆ ಎತ್ತಲಾಗದೆ ಆ ನಿಮಿಷದಲ್ಲಿ ಎಳೆದಾಡಬೇಕಾಗುತ್ತದೆ. ತುಟಿಗೆ ಹೊಳಪಿನ ಲಿಪ್‌ಗ್ಲಾಸ್ ಹಚ್ಚಿದ್ದರೆ ಅಕ್ಷತೆ ಕಾಳು ಅಂಟಿ ಕೂರುತ್ತದೆ, ಅದಕ್ಕೇ ಧಾರೆಗೆ ಮ್ಯಾಟ್ ಲಿಪ್‌ಸ್ಟಿಕ್.

ಅರಿಶಿನ ಶಾಸ್ತ್ರವನ್ನು ಆರತಕ್ಷತೆಯ ದಿನ ಬೆಳಗ್ಗೆ ಇಟ್ಟಿದ್ದರು. ಅರಿಶಿನದ ಹಳದಿ ಒಂದೆರಡು ದಿನ ಚರ್ಮದಲ್ಲಿ ಉಳಿಯುತ್ತದೆ, ಟ್ರಯಲ್‌ನಲ್ಲಿ ಬೆರೆಸಿದ ಶೇಡ್ ಆಗ ಹೊಂದುವುದಿಲ್ಲ. ಮನೆಯ ಹಿರಿಯರನ್ನು ಕೇಳಿ ಅದನ್ನು ಎರಡು ದಿನ ಮೊದಲೇ ಇಟ್ಟುಕೊಂಡರು. ಉಳಿದ ಹಳದಿಯನ್ನು ಕೊಬ್ಬರಿ ಎಣ್ಣೆ ಹಚ್ಚಿ ಒರೆಸಿ ತೆಗೆಯುವುದೆಂದಾಯಿತು. ಧಾರೆಯ ಬೆಳಗಿನ ಎಣ್ಣೆಯನ್ನು ಗರಿಕೆಯಿಂದ ನೆತ್ತಿಗೆ ಮುಟ್ಟಿಸುವಷ್ಟಕ್ಕೆ ನಿಲ್ಲಿಸಿದರು. ತಲೆತುಂಬ ಎಣ್ಣೆಯಾದರೆ ಪಿನ್ನು ನಿಲ್ಲುವುದಿಲ್ಲ, ಮೊಗ್ಗಿನ ಜಡೆಯ ಭಾರಕ್ಕೆ ಬುಡವೇ ಜಾರುತ್ತದೆ. ಜಡೆಗೆ ಕಾಕಡಾ ಮೊಗ್ಗು ಹೇಳಿದರು. ಮಲ್ಲಿಗೆಯಷ್ಟು ಪರಿಮಳವಿಲ್ಲದಿದ್ದರೂ ಬಾಳಿಕೆ ಬರುತ್ತದೆ. ಮಲ್ಲಿಗೆ ಮೊಗ್ಗು ರಾತ್ರಿಯೇ ಅರಳಿ ಬೆಳಗ್ಗೆ ಸಡಿಲಾಗುತ್ತದೆ.

ಆರತಕ್ಷತೆಯ ಹೇರ್‌ಸ್ಟೈಲ್ ಆರಿಸುವಾಗಲೂ ಮರುದಿನದ ಬೆಳಗೇ ಲೆಕ್ಕಕ್ಕೆ ಬಂತು. ಬ್ಯಾಕ್‌ಕೋಂಬ್ ಮಾಡಿ 40 ಪಿನ್ನು ಚುಚ್ಚಿದ ಬನ್ ಬಿಚ್ಚಿ ಸಿಕ್ಕು ಬಿಡಿಸಲು ಮುಕ್ಕಾಲು ಗಂಟೆ ಬೇಕು. ಬಿಟ್ಟ ಕೂದಲಿನ ಸಡಿಲ ಕರ್ಲ್ಸ್‌ಗೆ 10 ನಿಮಿಷ ಸಾಕು.

ಬರೆದುಕೊಂಡದ್ದು

ಅಡ್ವಾನ್ಸ್ 8,000 ಕೊಡುವ ಮೊದಲು ವಾಟ್ಸ್‌ಆ್ಯಪ್‌ನಲ್ಲಿ ಒಂದೇ ಸಂದೇಶವಾಗಿ ಎಲ್ಲ ಬರೆದರು: ಎರಡೂ ದಿನಾಂಕ, ಕೆಲಸ ಶುರುವಾಗುವ ಹೊತ್ತು 3:55, ಬಿಡುವುದು ಧಾರೆ ಮುಗಿದು ಸಪ್ತಪದಿ ಆದ ಮೇಲೆ, ಮೇಕಪ್ ಅವರ ಕೈಯಿಂದಲೇ, ಜೊತೆಗೆ ಒಬ್ಬರು, ಅಮ್ಮನಿಗೂ ತಂಗಿಗೂ ಸೀರೆ ಮತ್ತು ಸಾದಾ ಮೇಕಪ್ ತಲಾ 2,000. ಆ ಇಬ್ಬರ ಕೆಲಸ ವಧುವಿನದು ಮುಗಿದ ಮೇಲೆ, ಅಥವಾ ಅಸಿಸ್ಟೆಂಟ್ ಕೈ ಖಾಲಿಯಿದ್ದಾಗ ಮಾತ್ರ. "ಇದೊಂದು ಸೀರೆ ಪಿನ್ ಮಾಡಿಬಿಡಮ್ಮ" ಎಂದು ಬಾಗಿಲಲ್ಲಿ ಸಾಲು ನಿಲ್ಲುವುದರಿಂದಲೇ ಎಷ್ಟೋ ಮದುವೆಗಳಲ್ಲಿ ಹೊತ್ತು ಮೀರುತ್ತದೆ. ಸೂತಕ ಬಂದು ಮದುವೆ ಮುಂದಕ್ಕೆ ಹೋದರೆ ಅಡ್ವಾನ್ಸ್ ಹೊಸ ದಿನಾಂಕಕ್ಕೆ ಸಲ್ಲುತ್ತದೆ, ಆರ್ಟಿಸ್ಟ್‌ಗೆ ಹುಷಾರು ತಪ್ಪಿದರೆ ಅಷ್ಟೇ ಅನುಭವದ ಇನ್ನೊಬ್ಬರನ್ನು ಅವರೇ ಕಳಿಸಬೇಕು ಅಥವಾ ಪೂರ್ತಿ ಹಣ ವಾಪಸ್. ಕೆಳಗೆ ಇಬ್ಬರೂ "ಒಪ್ಪಿಗೆ" ಎಂದು ಬರೆದರು. ಎಲ್ಲ ಸೇರಿ 32,500 ಆಯಿತು.

ಮದುವೆಗೆ ಒಂದು ವಾರ ಮೊದಲು ಆರ್ಟಿಸ್ಟ್ ಮದುಮಗಳ ಕೋಣೆಯ ವಿಡಿಯೋ ಕೇಳಿದರು. ಕಿಟಕಿಯಿಲ್ಲ, ಒಂದೇ ಟ್ಯೂಬ್‌ಲೈಟ್, ಅದೂ ಕನ್ನಡಿಯ ಹಿಂದಿನ ಗೋಡೆಯಲ್ಲಿ, ಒಂದೇ ಪ್ಲಗ್ ಪಾಯಿಂಟ್. ಎರಡು ಎಲ್‌ಇಡಿ ದೀಪ, ಒಂದು ಉದ್ದ ಎಕ್ಸ್‌ಟೆನ್ಷನ್ ಬಾಕ್ಸ್, ಒಂದು ಟೇಬಲ್ ಫ್ಯಾನ್ ಹೊಂದಿಸಿಡಲು ಹೇಳಿದರು.

ಧಾರೆಯ ಬೆಳಗ್ಗೆ 4:20ಕ್ಕೆ ಗೀಸರ್, ಹೇರ್ ಐರನ್ ಎರಡೂ ಒಟ್ಟಿಗೆ ಹಾಕಿದಾಗ ಟ್ರಿಪ್ ಆಗಿ ಕೋಣೆ ಕತ್ತಲಾಯಿತು. ಎಲ್‌ಇಡಿಗಳಲ್ಲಿ ಒಂದು ಬ್ಯಾಟರಿಯದಾಗಿದ್ದುದರಿಂದ ಮುಖದ ಕೆಲಸ ನಿಲ್ಲಲಿಲ್ಲ. ಆದರೆ ಟ್ರಿಪ್ ಆದ ಸ್ವಿಚ್ ಎತ್ತುವವರು ಎದ್ದು ಬರುವಾಗ ಕೂದಲಿನ ಕೆಲಸದಲ್ಲಿ 12 ನಿಮಿಷ ಹೋಯಿತು. ಇಟ್ಟುಕೊಂಡಿದ್ದ ಕಾಲು ಗಂಟೆ ಅಲ್ಲಿಗೆ ಬಹುತೇಕ ಖರ್ಚಾಗಿ, ವಧು ಗೌರಿಪೂಜೆಗೆ ಕೂತದ್ದು 5:58ಕ್ಕೆ. ತಂಗಿಯ ಸೊಂಟದ ಚೀಲದಲ್ಲಿ ಬ್ಲಾಟಿಂಗ್ ಪೇಪರ್, ಹತ್ತಿ ಕಡ್ಡಿ, ಸಣ್ಣ ಡಬ್ಬಿಯಲ್ಲಿ ಲಿಪ್‌ಸ್ಟಿಕ್, ನಾಲ್ಕು ಸೇಫ್ಟಿ ಪಿನ್ನು ಇದ್ದವು. ಮಾಂಗಲ್ಯಧಾರಣೆಯಾದ ಮೇಲೆ ಆರ್ಟಿಸ್ಟ್ ಎಡಗಣ್ಣಿನ ಕೆಳಗೆ ಕಡ್ಡಿಯನ್ನು ಒಮ್ಮೆ ಒತ್ತಿ ತೆಗೆದರು, ಪೌಡರ್ ಬೇಕಾಗಲಿಲ್ಲ.